ಹಿನೌರಿನ ಹದಿಮೂರು ಶಾಲೆಗಳು

ಸೊರಬದ ದಂಡಾವತಿ ವರದೆಯನ್ನು ಸೇರುತ್ತದೆ. ವರದೆ ತುಂಗಭದ್ರೆಯನ್ನು ಸೇರುತ್ತದೆ. ಶಿಕಾರಿಪುರದ ಕುಮುದ್ವತಿಯೂ ಕೊನೆಗೆ ತುಂಗಭದ್ರೆಯ ಪಾಲು. ಹೀಗೆ ನಮ್ಮ ಎರಡು ತಾಲೂಕುಗಳ ಕೆರೆಗಳನ್ನು ತುಂಬಿ ಕೋಡಿ ಬಿದ್ದ ಮಳೆನೀರೆಲ್ಲ ಪೂರ್ವಾಭಿಮುಖವಾಗಿ ಹರಿದು, ಕೃಷ್ಣೆಯೊಡನೆ ಬಂಗಾಳ ಕೊಲ್ಲಿಗೆ ಹೋಗಿ ಬೀಳುತ್ತದೆ. ಆದರೆ ಅರಬ್ಬಿ ಸಮುದ್ರ ನಮಗೆ ಅದಕ್ಕಿಂತ ಎಷ್ಟೋ ಹತ್ತಿರ. ನೇರ ಅಳತೆಯಲ್ಲಿ 100 ಕಿಲೋಮೀಟರಿನೊಳಗೇ ಇದೆ. ನೀರು ಪೂರ್ವಕ್ಕೆ ಹೋದರೂ ಮಲೆನಾಡಿನ ಅಕ್ಕಿ, ಮೆಣಸು ಹೊತ್ತ ಹೇರೆತ್ತುಗಳು ಶತಮಾನಗಳ ಕಾಲ ಪಶ್ಚಿಮಕ್ಕೆ ಘಟ್ಟ ಇಳಿದವು. ಅಲ್ಲಿಂದ ಉಪ್ಪು, ಒಣಮೀನು, ಖರ್ಜೂರ, ಕುದುರೆಗಳು ಘಟ್ಟ ಹತ್ತಿ ಬಂದವು. ಈ ದಾರಿ ಇಳಿದು ಮುಟ್ಟುವ ನೀರುಗಳಲ್ಲೊಂದು ಹೊನ್ನಾವರದ ಬಳಿಯ ಶರಾವತಿಯ ಅಳಿವೆ.

ಶರಾವತಿ ಹುಟ್ಟುವುದೂ ನಮ್ಮ ಜಿಲ್ಲೆಯಲ್ಲಿಯೇ, ತೀರ್ಥಹಳ್ಳಿ ತಾಲೂಕಿನ ಅಂಬುತೀರ್ಥದಲ್ಲಿ. ಜೋಗದಲ್ಲಿ 253 ಮೀಟರು ಧುಮುಕಿ, ಗೇರುಸೊಪ್ಪೆಯ ಹತ್ತಿರ ತಗ್ಗಿಗೆ ಇಳಿದ ಮೇಲೆ ಅದರ ನಡಿಗೆಯೇ ಬೇರೆಯಾಗುತ್ತದೆ. ಅಲ್ಲಿಂದ ಮುಂದೆ ಅದು ಸಮುದ್ರದ ಮಾತನ್ನೂ ಕೇಳಬೇಕು. ಉಬ್ಬರ ಬಂದಾಗ ನೀರು ಮೇಲಕ್ಕೆ ತಳ್ಳಿಕೊಂಡು ಬರುತ್ತದೆ, ಇಳಿತದಲ್ಲಿ ಹಿಂದಕ್ಕೆ ಸರಿಯುತ್ತದೆ. ಹೊಳೆ ಅಗಲವಾಗಿ ಹಿನ್ನೀರಿನಂತೆ ಹರಡಿ, ನಡುವೆ ತೆಂಗು, ಗದ್ದೆ, ಮನೆ, ಮಸೀದಿ, ಗುಡಿಗಳಿರುವ ನಡುಗಡ್ಡೆಗಳನ್ನು ಬಿಟ್ಟುಕೊಟ್ಟಿದೆ. ಅಲ್ಲಿಯವರು ಇವನ್ನು ಕುರ್ವೆಗಳೆನ್ನುತ್ತಾರೆ. ನಡುಗಡ್ಡೆ ಎಂಬ ಅರ್ಥದ ‘ಕುರುವ’ ಎಂಬ ಹಳೆಯ ಕನ್ನಡ ಶಬ್ದ ಅದು. ಮಾವಿನಕುರ್ವೆ ಅವುಗಳಲ್ಲಿ ದೊಡ್ಡದು.

ಮಳೆಗಾಲ ಮುಗಿದ ಮೇಲೆ ನಮ್ಮ ಕಡೆಯಿಂದ ಎಷ್ಟೋ ಕುಟುಂಬಗಳು ಜೋಗ ನೋಡಿ, ಘಟ್ಟ ಇಳಿದು, ಈ ಅಳಿವೆಯಲ್ಲಿ ದೋಣಿ ಹತ್ತಿ, ಕಡಲ ದಂಡೆಯಲ್ಲಿ ಆಡಿ, ರಾತ್ರಿಯೊಳಗೆ ಮನೆ ಸೇರುವುದುಂಟು. ಅದರಲ್ಲಿ ತಪ್ಪೇನೂ ಇಲ್ಲ. ಭೂಮಿಯಲ್ಲಿ ಸಂಚರಿಸಿ ನೋಡಿರೆಂದು ಪವಿತ್ರ ಕುರ್‌ಆನ್ ಮತ್ತೆ ಮತ್ತೆ ಹೇಳುತ್ತದೆ. ಜನರಿಗೆ ಉಪಯುಕ್ತವಾದುದನ್ನು ಹೊತ್ತು ಕಡಲಲ್ಲಿ ಚಲಿಸುವ ಹಡಗುಗಳನ್ನು ಸೂರಃ ಅಲ್-ಬಕರದ 164ನೆಯ ಆಯತ್ ಆಕಾಶ-ಭೂಮಿಗಳ ಸೃಷ್ಟಿಯ ಜೊತೆಯಲ್ಲೇ ಅಲ್ಲಾಹನ ದೃಷ್ಟಾಂತಗಳಾಗಿ ಎಣಿಸುತ್ತದೆ. ಆದರೆ ಆ ನೀರಿನ ಮೇಲೆ ತೇಲುತ್ತಿರುವಾಗ, ಇದೇ ನೀರಿನ ದಡದಲ್ಲಿ ನಮ್ಮ ಪೂರ್ವಿಕರು ಏನನ್ನು ಕಟ್ಟಿದ್ದರೆಂಬುದು ದೋಣಿಯಲ್ಲಿ ಕುಳಿತವರಲ್ಲಿ ಹತ್ತರಲ್ಲಿ ಒಬ್ಬರಿಗೂ ತಿಳಿದಿರುವುದಿಲ್ಲ. ಆ ಊರಿನ ವರ್ಣನೆಯನ್ನು ಟ್ಯಾಂಜಿಯರ್‌ನಿಂದ ಬಂದ ಒಬ್ಬ ವಿದ್ವಾಂಸರು ಬರೆಯಿಸಿಟ್ಟು 670 ವರ್ಷಗಳೇ ಆಗಿಹೋದವು.

ಅವರು ಇಬ್ನು ಬತೂತ. 1304ರಲ್ಲಿ ಮೊರಾಕೊ ದೇಶದ ಟ್ಯಾಂಜಿಯರ್‌ನಲ್ಲಿ ಜನಿಸಿ, 1325ರಲ್ಲಿ ಹಜ್ಜಿಗೆಂದು ಹೊರಟವರು ಊರಿಗೆ ಮರಳಲು ಕಾಲು ಶತಮಾನ ಹಿಡಿಯಿತು. ದಿಲ್ಲಿಯಲ್ಲಿ ಮುಹಮ್ಮದ್ ಬಿನ್ ತುಘ್ಲಕನ ಆಶ್ರಯದಲ್ಲಿ ಖಾಝಿಯಾಗಿದ್ದು, ಚೀನಾದ ಚಕ್ರವರ್ತಿಯ ಬಳಿಗೆ ರಾಯಭಾರಿಯಾಗಿ ನೇಮಕಗೊಂಡು ಪಶ್ಚಿಮ ಕರಾವಳಿಯ ಗುಂಟ ದಕ್ಷಿಣಕ್ಕೆ ಬಂದರು. ಕಾರವಾರದ ಸಮೀಪದ ಅಂಜದೀವ ದ್ವೀಪದಲ್ಲಿ ಇಳಿದು, ಅಲ್ಲಿ ಮಾತನಾಡದೆ ಕುಳಿತಿದ್ದ ಒಬ್ಬ ಜೋಗಿಯನ್ನು ಕಂಡು ವಿಸ್ಮಯಪಟ್ಟು, ಮರುದಿನ ಒಂದು ಪಟ್ಟಣವನ್ನು ತಲುಪಿದರು. ಆ ಪಟ್ಟಣವನ್ನು ಅವರು ‘ಹಿನೌರ್’ ಎಂದು ಕರೆದಿದ್ದಾರೆ. ಅದೇ ನಮ್ಮ ಹೊನ್ನಾವರ. ಅವರು ಊರಿಗೆ ಮರಳಿ, ನೆನಪಿನಿಂದ ಹೇಳಿ ಬರೆಯಿಸಿದ ‘ರಿಹ್ಲ’ 1355ರಲ್ಲಿ ಮುಗಿಯಿತು.

ಹಿನೌರ್ ದೊಡ್ಡದೊಂದು ಖೌರ್‌ನ ಮೇಲಿದೆ, ದೊಡ್ಡ ಹಡಗುಗಳೂ ಅದರೊಳಗೆ ಬರುತ್ತವೆ, ಊರು ಕಡಲಿನಿಂದ ಅರ್ಧ ಮೈಲಿ ಒಳಗಿದೆ ಎಂದು ಅವರು ಹೇಳುತ್ತಾರೆ. ‘ಖೌರ್’ ಎಂದರೆ ಒಳನಾಡಿಗೆ ಚಾಚಿದ ಕಡಲ ನೀರು. ನಾವು ಅಳಿವೆ ಎನ್ನುವುದು. ಮಳೆಗಾಲದ ನಾಲ್ಕು ತಿಂಗಳು ಇದು ಎಷ್ಟು ಉಗ್ರವಾಗಿರುತ್ತದೆಂದರೆ ಮೀನು ಹಿಡಿಯುವವರ ಹೊರತು ಬೇರಾರೂ ಅದರ ಮೇಲೆ ಹೋಗಲಾರರು ಎಂಬ ಮಾತೂ ಅಲ್ಲಿದೆ. ಈ ಒಂದು ಮಾತು ಸಾಕು, ಅವರು ಕೇಳಿದ್ದನ್ನಲ್ಲ, ಕಂಡದ್ದನ್ನು ಹೇಳಿದ್ದಾರೆಂದು ನಂಬಲು. ಇಂದಿಗೂ ಜೂನ್‌ನಿಂದ ಅಳಿವೆಯ ಬಾಯಿ ಹಾಗೆಯೇ ಇರುತ್ತದೆ.

ಕಳೆದ ಚಳಿಗಾಲದಲ್ಲಿ ನಾವು, ಎಂದರೆ ಸೊರಬ ಶಿಕಾರಿಪುರಗಳ ಕೆಲವು ಮದ್ರಸಗಳ ಉಸ್ತಾದರು, ಪೋಷಕರು, ಹಿರಿಯ ತರಗತಿಗಳ ಮಕ್ಕಳು, ರಿಹ್ಲದ ಈ ಭಾಗವನ್ನು ಮೊದಲೇ ಮಕ್ಕಳಿಗೆ ಓದಿ ಹೇಳಿ, ಆಮೇಲೆ ಅಳಿವೆಯನ್ನು ನೋಡಲು ಹೋದೆವು. ಫಜ್ರ್‌ಗೆ ಬಹಳ ಮೊದಲೇ ಹೊರಟು ಸಾಗರದಲ್ಲಿ ನಮಾಝ್ ಮುಗಿಸಿ ಘಟ್ಟ ಇಳಿದೆವು. ಕಾಸರಕೋಡಿನ ಕಡೆಯಿಂದ ಎರಡು ಯಂತ್ರದೋಣಿಗಳಲ್ಲಿ ಹೊರಟಾಗ ಉಬ್ಬರ ಏರುತ್ತಿತ್ತು. ದೋಣಿಯವರು ಹೊಳೆಯ ಮೇಲ್ಭಾಗದ ಕುರ್ವೆಗಳಿಗೆ ಉಬ್ಬರದೊಡನೆ ಹೋಗಿ, ಇಳಿತದೊಡನೆ ಬಾಯಿಯ ಕಡೆಗೆ ಬರುವ ಲೆಕ್ಕ ಹಾಕಿದ್ದರು. ಅಂಜನಾಪುರದ ಜಲಾಶಯವನ್ನೂ ಹರಿಗೋಲನ್ನೂ ಬಲ್ಲ ನಮ್ಮ ಮಕ್ಕಳಿಗೆ, ದಿನಕ್ಕೆ ಎರಡು ಸಲ ದಿಕ್ಕು ಬದಲಿಸುವ ಹೊಳೆ ದೊಡ್ಡ ಸೋಜಿಗವಾಯಿತು. ಹಡಗಿನ ಕಾಲದಲ್ಲಿ ಈ ಉಬ್ಬರ-ಇಳಿತಗಳೇ ಬಂದರಿನ ಎಂಜಿನು. ಘಟ್ಟದ ಬುಡದ ಗೇರುಸೊಪ್ಪೆಯವರೆಗೆ ಸರಕಿನ ದೋಣಿ ಹತ್ತುತ್ತಿದ್ದುದೂ ಅದರ ಬಲದಿಂದಲೇ.

ದಡದ ಗುಂಟ ಕಾಂಡ್ಲಾ ಗಿಡಗಳು ಬೇರನ್ನು ಕಾಲಿನಂತೆ ನೀರಿಗೆ ಚಾಚಿ ನಿಂತಿದ್ದವು. ಅವುಗಳ ಹಿಂದೆ ಗಜನಿ ಗದ್ದೆಗಳು. ಕೆಲವೆಡೆ ಹೆಂಗಸರು ಸೊಂಟದವರೆಗಿನ ನೀರಿನಲ್ಲಿ ನಿಂತು ಬಳಚು ಆರಿಸುತ್ತಿದ್ದರು. ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗಿದ ಮೇಲೆ ವಿದ್ಯುದಾಗಾರಗಳಿಂದ ವರ್ಷವಿಡೀ ಸಿಹಿನೀರು ಬಂದು ಬೀಳುವುದರಿಂದ ಇಲ್ಲಿನ ನೀರಿನ ಉಪ್ಪು ಕಡಿಮೆಯಾಗಿದೆ; ಉಪ್ಪುನೀರನ್ನೇ ನಂಬಿದ ಬಳಚು, ಮೀನುಗಳು ಅದರಿಂದ ಸೊರಗಿವೆ. ನಮ್ಮ ಮನೆಗಳಲ್ಲಿ ದೀಪ ಉರಿಯುವುದಕ್ಕೆ ಘಟ್ಟದ ಕೆಳಗಿನ ಈ ಹೆಂಗಸರ ಬುಟ್ಟಿಯಿಂದಲೂ ಒಂದು ಪಾಲು ಹೋಗುತ್ತಿದೆ. ಇದು ಇಲ್ಲಿ ಅಪ್ರಸ್ತುತವೆನಿಸಬಹುದು; ಆದರೂ ಹೇಳದೆ ಮುಂದೆ ಹೋಗಲು ಮನಸ್ಸು ಬರಲಿಲ್ಲ.

ಶರಾವತಿಯ ದಡದಲ್ಲಿ ನವಾಯತ ಮುಸ್ಲಿಮರ ಹಳೆಯ ಊರುಗಳಿವೆ: ವಲ್ಕಿ, ಸಂಶಿ, ಕುರ್ವೆ, ಉಪ್ಪೋಣಿ, ಗೇರುಸೊಪ್ಪೆ. ಅರಬ್ ವರ್ತಕರ ಸಂತತಿಯೆಂದು ಹೇಳಿಕೊಳ್ಳುವ ಈ ಜನ ಕೊಂಕಣಿಯ ಬಳಿಯ ನವಾಯತಿ ಭಾಷೆಯನ್ನಾಡುತ್ತಾರೆ, ಅದನ್ನು ಅರಬಿ-ಉರ್ದು ಲಿಪಿಯಲ್ಲಿ ಬರೆಯುತ್ತಾರೆ. ಇವರು ಶಾಫಿಈ ಮದ್‌ಹಬ್‌ನವರು. ಘಟ್ಟದ ಮೇಲಿನ ನಾವು ಬಹುತೇಕ ಹನಫಿಗಳು. ಹಿನೌರಿನ ಜನ ಶಾಫಿಈಗಳು, ಧರ್ಮನಿಷ್ಠರು, ಕಡಲಿನಲ್ಲಿ ಬಲಶಾಲಿಗಳು ಎಂದು ಇಬ್ನು ಬತೂತ ಹೇಳಿದ್ದು ಇಂದಿಗೂ ಅಸರ್‌ನ ಬಾಂಗಿನಲ್ಲಿ ಕೇಳಿಸುತ್ತದೆ. ನಮ್ಮ ಊರಿನಲ್ಲಿ ಅಸರ್‌ಗೆ ಇನ್ನೂ ಹೊತ್ತಿದೆ ಎನ್ನುವಾಗಲೇ ಅಲ್ಲಿ ಬಾಂಗು ಆಗಿರುತ್ತದೆ.

ನಮಾಝಿನ ಮಾತು ಬಂದುದರಿಂದ ಇನ್ನೊಂದು ಸಂಗತಿ. ಫಿಕ್ಹ್‌ನ ಕಿತಾಬುಗಳಲ್ಲಿ ದೋಣಿಯ ಮೇಲಿನ ನಮಾಝಿನ ಮಸ್‌ಅಲಾ ಬರುತ್ತದೆ. ಚಲಿಸುತ್ತಿರುವ ದೋಣಿಯಲ್ಲಿ ಕುಳಿತು ನಮಾಝ್ ಮಾಡುವುದನ್ನು ಇಮಾಮ್ ಅಬೂ ಹನೀಫಾ(ರ) ಅನುಮತಿಸುತ್ತಾರೆ. ಅವರ ಶಿಷ್ಯರಾದ ಅಬೂ ಯೂಸುಫ್, ಮುಹಮ್ಮದ್(ರ) ಇಬ್ಬರೂ ನಿಲ್ಲಲು ಸಾಧ್ಯವಿದ್ದರೆ ನಿಂತೇ ಮಾಡಬೇಕೆನ್ನುತ್ತಾರೆ. ದೋಣಿ ತಿರುಗಿದರೆ ನಾವೂ ಕಿಬ್ಲದ ಕಡೆಗೆ ತಿರುಗಿಕೊಳ್ಳಬೇಕು. ಮಲೆನಾಡಿನ ಮದ್ರಸದಲ್ಲಿ ಈ ಪಾಠ ಬಂದಾಗ ಮಕ್ಕಳು ಆಕಳಿಸುವುದುಂಟು. ಹೊಳೆಯ ನಡುವೆ ಅಲೆ ಬಡಿದು ದೋಣಿ ವಾಲಿದಾಗ, ಆ ಇಮಾಮರುಗಳು ಯಾವುದರ ಬಗ್ಗೆ ಚರ್ಚಿಸುತ್ತಿದ್ದರೆಂಬುದು ಅವರಿಗೆ ಒಮ್ಮೆಲೇ ತಿಳಿಯಿತು. ನಾವು ಝುಹರ್‌ಗೆ ಕುರ್ವೆಯೊಂದರ ದಡ ಹಿಡಿದು, ಪ್ರಯಾಣಿಕರಾದ್ದರಿಂದ ಎರಡು ರಕಅತ್ ಕಸ್ರ್ ಮಾಡಿ, ಕಟ್ಟಿಕೊಂಡು ಹೋಗಿದ್ದ ಬುತ್ತಿ ಬಿಚ್ಚಿದೆವು.

ಊಟದ ಹೊತ್ತಿಗೆ ಮಕ್ಕಳಿಗೆ ನೆನಪಾದುದು ಹಿನೌರಿನ ಸುಲ್ತಾನರ ಊಟ. ಅವರ ಹೆಸರು ಜಮಾಲುದ್ದೀನ್ ಮುಹಮ್ಮದ್ ಬಿನ್ ಹಸನ್. ತಿಂಗಳ ನಡುವಿನ ಮೂರು ಬೆಳ್ದಿಂಗಳ ದಿನಗಳಲ್ಲಿ ಅವರು ಉಪವಾಸವಿರುತ್ತಿದ್ದರು. ಇಫ್ತಾರಿಗೆ ಇಬ್ನು ಬತೂತರನ್ನೂ ಕರೆಯುತ್ತಿದ್ದರು. ಕುಳಿತುಕೊಳ್ಳಲು ತಗ್ಗಾದ ಪೀಠಗಳು, ಮುಂದೆ ತಾಮ್ರದ ಮೇಜು, ಅದರ ಮೇಲೆ ‘ತಾಲಮ್’ ಎಂಬ ತಾಮ್ರದ ತಟ್ಟೆ. ನಮ್ಮ ತಳಿಗೆಯೇ ಇರಬೇಕು. ರೇಷ್ಮೆಯ ಸೀರೆಯುಟ್ಟ ದಾಸಿ ದೊಡ್ಡ ತಾಮ್ರದ ಸೌಟಿನಿಂದ ಒಂದು ಸೌಟು ಅನ್ನ ಬಡಿಸಿ, ತುಪ್ಪ ಸುರಿದು, ಉಪ್ಪಿನಲ್ಲಿಟ್ಟ ಮೆಣಸಿನ ಗೊಂಚಲು, ಹಸಿಶುಂಠಿ, ನಿಂಬೆ, ಮಾವಿನ ಉಪ್ಪಿನಕಾಯಿ ಹಾಕುತ್ತಾಳೆ. ಒಂದು ತುತ್ತು ಅನ್ನ, ಒಂದಿಷ್ಟು ಉಪ್ಪಿನಕಾಯಿ. ಅದು ಮುಗಿದ ಮೇಲೆ ಇನ್ನೊಂದು ಸೌಟು ಅನ್ನಕ್ಕೆ ಕೋಳಿ, ಆಮೇಲೆ ಮೀನು, ಆಮೇಲೆ ತುಪ್ಪ ಹಾಲುಗಳಲ್ಲಿ ಬೇಯಿಸಿದ ತರಕಾರಿ, ಕೊನೆಗೆ ಮೊಸರು. ಮೊಸರು ಬಂತೆಂದರೆ ಊಟ ಮುಗಿಯಿತೆಂದೇ ಅರ್ಥ ಎನ್ನುತ್ತಾರೆ ಇಬ್ನು ಬತೂತ. ಊಟದ ಮೇಲೆ ಬಿಸಿನೀರು, ಏಕೆಂದರೆ ಮಳೆಗಾಲದಲ್ಲಿ ತಣ್ಣೀರು ಒಗ್ಗದು. ಮುಂದೊಮ್ಮೆ ಇದೇ ಸುಲ್ತಾನರ ಬಳಿ 11 ತಿಂಗಳಿದ್ದಾಗ ಒಂದು ತುಂಡು ರೊಟ್ಟಿಯನ್ನೂ ಕಾಣಲಿಲ್ಲವೆಂದು ಆ ಮೊರಾಕೊದ ಖಾಝಿ ನಿಟ್ಟುಸಿರು ಬಿಟ್ಟಿದ್ದಾರೆ. ಮಾಲ್ದೀವ್, ಸಿಂಹಳ, ಮಲಬಾರುಗಳಲ್ಲೂ ಅನ್ನವೇ. ಕೊನೆಕೊನೆಗೆ ನೀರು ಕುಡಿದು ಅನ್ನ ನುಂಗಬೇಕಾಯಿತಂತೆ. ಒಲೆಯ ಮುಂದೆ ಹುಟ್ಟಿದ ನಮ್ಮ ಪದ್ಧತಿಗಳನ್ನು ಹೊರಗಿನವನೊಬ್ಬ ಇಷ್ಟು ವಿವರವಾಗಿ ಬರೆಯಿಸಿಟ್ಟ ಇನ್ನೊಂದು ಪುಟ ಆ ಶತಮಾನದ ಕನ್ನಡ ನಾಡಿಗೆ ಸಿಗುವುದು ಕಷ್ಟ.

ಊಟಕ್ಕಿಂತ ಹೆಚ್ಚಾಗಿ ಆ ಖಾಝಿಯ ಮನಸ್ಸನ್ನು ಸೆಳೆದುದು ಊರಿನ ಧಾರ್ಮಿಕ ಜೀವನ. ಸುಲ್ತಾನರು ಸುಬ್ಹ್‌ಗೆ ಮೊದಲೇ ಮಸೀದಿಗೆ ಬಂದು, ಬೆಳಕು ಹರಿಯುವವರೆಗೆ ಕುರ್‌ಆನ್ ಓದಿ, ಜಮಾಅತ್‌ನೊಂದಿಗೆ ನಮಾಝ್ ಮಾಡುತ್ತಿದ್ದರು. ಇಸ್ಮಾಈಲ್ ಎಂಬ ಫಕೀಹ್ ಕುರ್‌ಆನ್ ಕಲಿಸುತ್ತಿದ್ದರು. ನೂರುದ್ದೀನ್ ಅಲಿ ಖಾಝಿಯಾಗಿದ್ದರು. ನಾಗೌರದ ಶೇಖ್ ಮುಹಮ್ಮದ್ ತಮ್ಮ ಖಾನ್‌ಖಾಹಿನಲ್ಲಿ ಸ್ವಂತ ಕೈಯಿಂದ ಅಡುಗೆ ಮಾಡಿ ಅತಿಥಿಗಳಿಗೆ ಉಣಿಸುತ್ತಿದ್ದರು. ಇಷ್ಟನ್ನು ಹೇಳಿದ ಮೇಲೆ ಇಬ್ನು ಬತೂತ ಹೆಂಗಸರ ಬಗ್ಗೆ ಬರೆಯುತ್ತಾರೆ. ಅವರು ಹೊಲಿದ ಬಟ್ಟೆ ತೊಡುವುದಿಲ್ಲ; ಉದ್ದನೆಯ ಬಟ್ಟೆಯ ಒಂದು ತುದಿಯನ್ನು ಸೊಂಟಕ್ಕೆ ಸುತ್ತಿ, ಉಳಿದುದನ್ನು ತಲೆ ಎದೆಗಳ ಮೇಲೆ ಹೊದೆಯುತ್ತಾರೆ. ಮೂಗಿನಲ್ಲಿ ಚಿನ್ನದ ನತ್ತು. ಸುಂದರಿಯರು, ಶೀಲವಂತೆಯರು. ಅವರೆಲ್ಲರಿಗೂ ಕುರ್‌ಆನ್ ಕಂಠಪಾಠವಾಗಿದೆ. ಊರಿನಲ್ಲಿ ಹೆಣ್ಣುಮಕ್ಕಳ 13 ಶಾಲೆಗಳನ್ನೂ ಗಂಡುಮಕ್ಕಳ 23 ಶಾಲೆಗಳನ್ನೂ ನೋಡಿದೆ, ಇಂಥದನ್ನು ಬೇರೆಲ್ಲೂ ಕಂಡಿಲ್ಲ ಎಂಬುದು ಅವರ ಹೇಳಿಕೆಯ ಸಾರ.

ಈ ಮಾತಿನ ತೂಕವನ್ನು ಸರಿಯಾಗಿ ಅಳೆಯಬೇಕು. ‘ಬೇರೆಲ್ಲೂ ಕಂಡಿಲ್ಲ’ ಎಂದವರು ಮನೆ ಬಿಟ್ಟು ಹೊರಗೆ ಹೋಗದವರಲ್ಲ. ಆ ಪುಸ್ತಕ ಬರೆಯಿಸುವ ವೇಳೆಗೆ ಅವರು ಕೈರೊ, ದಮಾಸ್ಕಸ್, ಬಗ್ದಾದ್, ಮಕ್ಕಾ, ದಿಲ್ಲಿಗಳನ್ನೆಲ್ಲ ಕಂಡಿದ್ದರು. ಎಲ್ಲ ಹೆಂಗಸರೂ ಹಾಫಿಝಾಗಳು ಎಂಬುದರಲ್ಲಿ ಪ್ರಯಾಣಿಕನ ಉತ್ಸಾಹ ಸ್ವಲ್ಪ ಸೇರಿರಬಹುದು. ನೆನಪಿನಿಂದ ಹೇಳಿಸಿದ ಗ್ರಂಥದಲ್ಲಿ ಅದು ಸಹಜ. ಆದರೆ 13, 23 ಎಂಬ ಅಂಕಿಗಳು ಉತ್ಸಾಹದಿಂದ ಹುಟ್ಟುವಂಥವಲ್ಲ. ಸುಮ್ಮನೆ ಹೇಳುವವನು ಇಪ್ಪತ್ತೆನ್ನುತ್ತಾನೆ, ಐವತ್ತೆನ್ನುತ್ತಾನೆ, ನೂರೆನ್ನುತ್ತಾನೆ. ಹದಿಮೂರು ಎನ್ನುವವನು ಎಣಿಸಿದವನು, ಅಥವಾ ಎಣಿಸಿದವರಿಂದ ಕೇಳಿದವನು.

ಬೇಸಾಯಕ್ಕೆ ಜಮೀನಿಲ್ಲದ, ಕಡಲ ವ್ಯಾಪಾರದಿಂದಲೇ ಬದುಕುತ್ತಿದ್ದ ಊರು ಅದು. ಇದೂ ಇಬ್ನು ಬತೂತರೇ ಹೇಳಿದ ಮಾತು. ಅಂಥ ಊರಿನ ಗಂಡಸರು ಮಳೆಗಾಲ ಮುಗಿದೊಡನೆ ಹೊರಟರೆ ಮಲಬಾರೋ ಅರಬ್ ದೇಶವೋ ಸುತ್ತಿ ಮುಂದಿನ ಮಳೆಗೆ ಮೊದಲು ಮರಳುವರು. ಕೆಲವರು ಮರಳದೆಯೂ ಉಳಿಯುವರು. ವರ್ಷದ ಬಹುಭಾಗ ಊರು ಹೆಂಗಸರ ಕೈಯಲ್ಲಿರುತ್ತದೆ. ಮಗುವಿಗೆ ಮೊದಲ ಅಕ್ಷರ ಹೇಳುವವರು, ಕಲಿಮಾ ಕಲಿಸುವವರು, ಬಂದ ಪತ್ರವನ್ನು ಓದುವವರು, ಸತ್ತವರ ಆಸ್ತಿಯಲ್ಲಿ ಯಾರಿಗೆಷ್ಟು ಪಾಲೆಂದು ತಿಳಿದಿರಬೇಕಾದವರು ಅವರೇ. ಆದುದರಿಂದ ಹೆಣ್ಣುಮಕ್ಕಳ ಶಾಲೆ ಆ ಊರಿಗೆ ಅಲಂಕಾರವಾಗಿರಲಿಲ್ಲ, ಅಗತ್ಯವಾಗಿತ್ತು ಎಂಬುದು ನಮ್ಮ ಅಭಿಪ್ರಾಯ. ಇಂದು ನಮ್ಮ ಎಷ್ಟೋ ಮನೆಗಳ ಗಂಡಸರು ಗಲ್ಫ್‌ನಲ್ಲಿಯೋ ಬೆಂಗಳೂರಿನಲ್ಲಿಯೋ ದುಡಿಯುತ್ತಾರೆ. ಮನೆಯ ಸ್ಥಿತಿ ಹಿನೌರಿನದೇ; ಶಾಲೆಗಳ ಎಣಿಕೆ ಮಾತ್ರ ಹಿನೌರಿನದಲ್ಲ.

ಸುಲ್ತಾನ್ ಜಮಾಲುದ್ದೀನರು ಸ್ವತಂತ್ರ ದೊರೆಯಾಗಿರಲಿಲ್ಲ. ಅವರು ‘ಹರ್ಯಬ್’ ಎಂಬ ಹಿಂದೂ ಅರಸನ ಅಧೀನರೆಂದು ರಿಹ್ಲ ಹೇಳುತ್ತದೆ. ಇದು ಹರಿಯಪ್ಪ, ಅಂದರೆ ವಿಜಯನಗರದ ಮೊದಲನೆಯ ಹರಿಹರ ಎಂದು ಚರಿತ್ರಕಾರರು ಗುರುತಿಸಿದ್ದಾರೆ. ಈ ಹೆಸರು ಕೇಳಿದೊಡನೆ ಸೊರಬದವರು ಕಿವಿ ನಿಮಿರಿಸಬೇಕು. ಏಕೆಂದರೆ ಅದೇ ಹರಿಹರನ ತಮ್ಮ ಮಾರಪ್ಪ ನಮ್ಮ ಚಂದ್ರಗುತ್ತಿಯಿಂದ ಆಳುತ್ತಿದ್ದನೆಂದು ಸೊರಬ ತಾಲೂಕಿನ 1347ರ ಶಾಸನ ತಿಳಿಸುತ್ತದೆ. ಕದಂಬ ದೊರೆಯನ್ನು ಗೆದ್ದು, ಗೋಕರ್ಣ ಕ್ಷೇತ್ರಕ್ಕೆ ಹೋಗಿ ಬಂದವನು ಅವನು. ಇಬ್ನು ಬತೂತ ಹಿನೌರಿನಲ್ಲಿದ್ದುದಕ್ಕೂ ಈ ಶಾಸನಕ್ಕೂ ನಡುವೆ ಐದಾರು ವರ್ಷಗಳಷ್ಟೇ ಅಂತರ. ಘಟ್ಟದ ಮೇಲೆ ಅಣ್ಣನ ಪರವಾಗಿ ತಮ್ಮ, ಘಟ್ಟದ ಕೆಳಗೆ ಅದೇ ಅಣ್ಣನ ಸಾಮಂತನಾಗಿ ತಹಜ್ಜುದಿನ ಹೊತ್ತಿಗೆ ಕುರ್‌ಆನ್ ಓದುವ ಸುಲ್ತಾನ. ಮುಸ್ಲಿಮರು ಈ ನೆಲಕ್ಕೆ ಹೊರಗಿನವರೆಂದು ಹೇಳುವವರಿಗೂ, ವಿಜಯನಗರವೆಂದರೆ ನಮಗೆ ಸಂಬಂಧವಿಲ್ಲದ ಚರಿತ್ರೆ ಎಂದು ನಮ್ಮೊಳಗೇ ಗೊಣಗುವವರಿಗೂ ಈ ಒಂದು ವಾಕ್ಯವನ್ನು ತೋರಿಸಬಹುದು.

ವಿದ್ಯೆಯ ವಿಷಯದಲ್ಲೂ ಘಟ್ಟದ ಮೇಲಿನ ನೆಲ ಬಡವಾಗಿರಲಿಲ್ಲ. ಶಿಕಾರಿಪುರ ತಾಲೂಕಿನ ತಾಳಗುಂದದ ಕಂಬಶಾಸನ, ವೇದಾಧ್ಯಯನಕ್ಕೆಂದು ತಾತನೊಡನೆ ಕಂಚಿಗೆ ಹೋದ ಮಯೂರಶರ್ಮನ ಕಥೆಯನ್ನು ಹೇಳುತ್ತದೆ. ಓದಲು ಹೋದವನಿಗೆ ಆದ ಅವಮಾನದಿಂದ ಒಂದು ರಾಜ್ಯವೇ ಹುಟ್ಟಿತು. ಅದೇ ತಾಲೂಕಿನ ಬಳ್ಳಿಗಾವೆಯ ಕೋಡಿಯ ಮಠದ 1162ರ ಶಾಸನ, ಅಲ್ಲಿ ವೇದ, ವ್ಯಾಕರಣ, ಷಡ್ದರ್ಶನಗಳ ಪಾಠ ನಡೆಯುತ್ತಿದ್ದುದನ್ನೂ, ಬಡವರಿಗೆ, ಬೇರೆ ಬೇರೆ ಮತದ ಸನ್ಯಾಸಿಗಳಿಗೆ ಅನ್ನವನ್ನೂ ರೋಗಿಗಳಿಗೆ ಔಷಧವನ್ನೂ ಕೊಡುತ್ತಿದ್ದುದನ್ನೂ ಪಟ್ಟಿ ಮಾಡುತ್ತದೆ. ಅವರು ಕಲ್ಲಿನ ಮೇಲೆ ಕೆತ್ತಿಸಿದರು. ಆದುದರಿಂದ ಇಂದಿಗೂ ಹೋಗಿ ಓದಬಹುದು. ಹಿನೌರಿನ ಶಾಲೆಗಳ ಕಟ್ಟಡ ಉಳಿದಿಲ್ಲ. ಅವುಗಳಿಗೆ ಸಾಕ್ಷಿಯಾಗಿ ಉಳಿದಿರುವುದು ದಾರಿಹೋಕನೊಬ್ಬನ ನಾಲ್ಕು ಸಾಲು.

ಅದೇ ಪುಸ್ತಕದಲ್ಲಿ ಇನ್ನೊಂದು ಕಥೆಯೂ ಇದೆ, ಅದನ್ನು ಮರೆಮಾಚುವುದು ಸರಿಯಲ್ಲ. ಕಲ್ಲಿಕೋಟೆಯಲ್ಲಿ ಚೀನಾಕ್ಕೆ ಹೊರಡಬೇಕಿದ್ದ ಹಡಗು ಬಿರುಗಾಳಿಗೆ ನಾಶವಾಗಿ ಎಲ್ಲವನ್ನೂ ಕಳೆದುಕೊಂಡ ಇಬ್ನು ಬತೂತ ಹಿನೌರಿಗೆ ಹಿಂದಿರುಗಿದರು. ಮಸೀದಿಯಲ್ಲೇ ದಿನ ಕಳೆಯುತ್ತ, ಮೊದಲು ದಿನಕ್ಕೊಮ್ಮೆ, ಆಮೇಲೆ ದಿನಕ್ಕೆರಡು ಸಲ ಕುರ್‌ಆನ್ ಖತಮ್ ಮಾಡುತ್ತಿದ್ದರು. ಹೀಗೆ ಮೂರು ತಿಂಗಳು, ಅದರಲ್ಲಿ 40 ದಿನ ಏಕಾಂತವಾಸ. ಆ ವೇಳೆಗೆ ಗೋವೆಯ ಅರಸನಿಗೂ ಮಗನಿಗೂ ಜಗಳವಾಗಿ, ಮಗ ಸುಲ್ತಾನರ ನೆರವು ಬೇಡಿದ. ಸುಲ್ತಾನರು 52 ಹಡಗುಗಳೊಂದಿಗೆ 1342ರಲ್ಲಿ ಗೋವೆಯ ಮೇಲೆ ಹೋದರು, ಇಬ್ನು ಬತೂತರೂ ಜೊತೆಗೆ ಹೋದರು, ಗೋವೆ ಕೈವಶವಾಯಿತು. ಕೆಲವೇ ತಿಂಗಳಲ್ಲಿ ಅದು ಮತ್ತೆ ಮುತ್ತಿಗೆಗೊಳಗಾಯಿತು. ಹಿನೌರಿನವರ ಬಲವನ್ನು ಹೊಗಳುವ ಅದೇ ವಾಕ್ಯದಲ್ಲಿ, ಗೋವೆಯ ವಿಜಯದ ನಂತರ ಕಾಲ ಅವರನ್ನು ಕುಗ್ಗಿಸಿತು ಎಂದೂ ಅವರು ಸೇರಿಸಿದ್ದಾರೆ. ಕೆಲವರು ಈ ಹಡಗುಗಳ ಕಥೆಯನ್ನೇ ಅಭಿಮಾನದಿಂದ ಹೇಳುತ್ತಾರೆ. ನಮಗೆ ಹಾಗನ್ನಿಸುವುದಿಲ್ಲ. ತಂದೆ-ಮಗನ ಜಗಳದಲ್ಲಿ ಸಿಕ್ಕ ಊರು ತಂದೆ-ಮಗನ ಜಗಳದಷ್ಟೇ ದಿನ ಉಳಿಯಿತು. ಆ 52 ಹಡಗುಗಳಿಗಿಂತ ಈ 13 ಶಾಲೆಗಳು ದೊಡ್ಡವು.

ಮುಂದಿನ ಚರಿತ್ರೆಯನ್ನು ಬೇಗ ಹೇಳಿ ಮುಗಿಸಬಹುದು. 1505ರಲ್ಲಿ ಪೋರ್ಚುಗೀಸರ ಅಲ್ಮೇಡಾ ಈ ಅಳಿವೆಯಲ್ಲಿ ಹಡಗುಗಳನ್ನು ಸುಟ್ಟ. 1569ರಲ್ಲಿ ಅವರು ಇಲ್ಲಿ ಕೋಟೆ ಹಾಕಿದರು. ಗೇರುಸೊಪ್ಪೆಯ ರಾಣಿ ಚೆನ್ನಭೈರಾದೇವಿಯನ್ನು ಮೆಣಸಿನ ರಾಣಿಯೆಂದು ಕರೆದವರೂ ಅವರೇ. ಘಟ್ಟದ ಮೆಣಸು ಅವಳ ಬಂದರುಗಳನ್ನು ದಾಟಿಯೇ ಕಡಲಿಗೆ ಹೋಗಬೇಕಿತ್ತು. 1623ರಲ್ಲಿ ಪೋರ್ಚುಗೀಸ್ ರಾಯಭಾರಿಯ ಜೊತೆ ಕೆಳದಿಯ ವೆಂಕಟಪ್ಪ ನಾಯಕನನ್ನು ಕಾಣಲು ಹೊರಟ ರೋಮ್ ನಗರದ ಪಿಯೆತ್ರೊ ದೆಲ್ಲ ವಾಲೆ, ಹೊನ್ನಾವರದಿಂದ ಗೇರುಸೊಪ್ಪೆಗೆ ಇದೇ ಹೊಳೆಯಲ್ಲಿ ದೋಣಿಯಲ್ಲಿ ಹೋಗಿ, ತಾನು ಕಂಡ ಅತ್ಯಂತ ಸುಂದರ ಹೊಳೆಗಳ ಸಾಲಿಗೆ ಇದನ್ನು ಸೇರಿಸಿದ. ಅಲ್ಲಿಂದ ಘಟ್ಟ ಹತ್ತಿ ಇಕ್ಕೇರಿಗೆ ಬಂದ. ಹೈದರಲಿ ಬಿದನೂರನ್ನು ಗೆದ್ದ 1763ರ ನಂತರ ಹೊನ್ನಾವರ ಮೈಸೂರಿನ ನೌಕಾಬಲಕ್ಕೆ ಒದಗಿತು. ರಸ್ತೆಗಳು ಬಂದ ಮೇಲೆ ಹೊಳೆಯ ದಾರಿ ಮೌನವಾಯಿತು.

ಮಧ್ಯಾಹ್ನ ಇಳಿತದೊಡನೆ ನಮ್ಮ ದೋಣಿಗಳು ಅಳಿವೆಯ ಬಾಯಿಯ ಕಡೆಗೆ ಬಂದವು. 2 ಕಿಲೋಮೀಟರಿಗೂ ಉದ್ದದ ಕೊಂಕಣ ರೈಲ್ವೆಯ ಸೇತುವೆಯ ಕೆಳಗೆ ಹಾಯುವಾಗ ಮಕ್ಕಳು ಕೂಗು ಹಾಕಿ ಮಾರ್ದನಿ ಕೇಳಿದರು. ಬಾಯಿಯ ಆಚೆ ಕಡಲಿನಲ್ಲಿ ಕೆಳದಿಯವರ ಕೋಟೆಯಿರುವ ಬಸವರಾಜದುರ್ಗದ ನಡುಗಡ್ಡೆ ಮಂಜಾಗಿ ಕಾಣುತ್ತಿತ್ತು. ಅಲೆ ಹೆಚ್ಚಿದ್ದುದರಿಂದ ದೋಣಿಯವರು ಆಚೆ ಹೋಗಲು ಒಪ್ಪಲಿಲ್ಲ. ಆಗ ಶಿರಾಳಕೊಪ್ಪದ ಕಡೆಯ ತಾಯಿಯೊಬ್ಬರು ಕೇಳಿದರು: “ಉಸ್ತಾದರೇ, ಆ ಹದಿಮೂರು ಶಾಲೆಗಳಲ್ಲಿ ಹೆಣ್ಣುಮಕ್ಕಳಿಗೆ ಕಲಿಸುತ್ತಿದ್ದವರು ಯಾರು? ಗಂಡಸರೋ, ಹೆಂಗಸರೋ?”

ರಿಹ್ಲದ ಆ ಪುಟ ಇದಕ್ಕೆ ಉತ್ತರ ಕೊಡುವುದಿಲ್ಲ. ಇನ್ನೊಂದು ಪುಟ ಕೊಡುತ್ತದೆ. 1326ರಲ್ಲಿ, ಹಿಜರಿ 726ರಲ್ಲಿ, ಯುವಕ ಇಬ್ನು ಬತೂತ ದಮಾಸ್ಕಸ್‌ನ ಉಮಯ್ಯದ್ ಮಸೀದಿಯಲ್ಲಿ ಸಹೀಹುಲ್ ಬುಖಾರಿಯನ್ನು ಕೇಳಿ ಕಲಿತು, ಅಲ್ಲಿನ ವಿದ್ವಾಂಸರಿಂದ ಇಜಾಝತ್ ಪಡೆದರು. ತಮಗೆ ಇಜಾಝತ್ ಕೊಟ್ಟವರ ಪಟ್ಟಿಯಲ್ಲಿ ಅವರು ಇಬ್ಬರು ಸ್ತ್ರೀಯರನ್ನು ಹೆಸರಿಸಿದ್ದಾರೆ: ಆಯಿಶಾ ಬಿಂತ್ ಮುಹಮ್ಮದ್ ಅಲ್-ಹರ್ರಾನಿ ಮತ್ತು ಝೈನಬ್ ಬಿಂತ್ ಕಮಾಲುದ್ದೀನ್ ಅಲ್-ಮಕ್ದಿಸಿ. ಝೈನಬ್ ಆ ಕಾಲದ ಪ್ರಸಿದ್ಧ ಹದೀಸ್ ವಿದುಷಿ. ಅದಕ್ಕೂ ಸುಮಾರು 250 ವರ್ಷ ಮೊದಲು ಮಕ್ಕಾದಲ್ಲಿ ಬುಖಾರಿಯನ್ನು ಪಾಠ ಹೇಳುತ್ತಿದ್ದ ಕರೀಮಾ ಅಲ್-ಮರ್ವಝಿಯ್ಯಾ ಅವರ ಬಳಿಗೆ ದೂರದೂರದ ಉಲಮಾಗಳು ಬರುತ್ತಿದ್ದರು. ಹಿನೌರಿನ ಶಾಲೆಗಳನ್ನು ಎಣಿಸಿದವರು ಸ್ವತಃ ಹೆಂಗಸರಿಂದ ವಿದ್ಯೆಯ ಅನುಮತಿ ಪಡೆದವರು. ಹೆಣ್ಣು ಕಲಿಯುವುದೂ ಕಲಿಸುವುದೂ ಅವರಿಗೆ ಹೊಸತಾಗಿರಲಿಲ್ಲ. ಒಂದು ಸಣ್ಣ ಬಂದರಿನಲ್ಲಿ ಅದು ಅಷ್ಟು ದೊಡ್ಡ ಪ್ರಮಾಣದಲ್ಲಿ ನಡೆಯುತ್ತಿದ್ದುದು ಮಾತ್ರ ಹೊಸತಾಗಿತ್ತು.

ಕಡಲ ಎದುರಿಗೆ ಕುಳಿತಿದ್ದರಿಂದ ಉಮ್ಮು ಹರಾಮ್(ರ) ಅವರ ಹದೀಸೂ ಅಲ್ಲಿ ಬಂತು. ತಮ್ಮ ಸಮುದಾಯದವರು ಸಿಂಹಾಸನದ ಮೇಲಿನ ಅರಸರಂತೆ ಕಡಲನ್ನೇರಿ ಹೋಗುವುದನ್ನು ಪ್ರವಾದಿ(ಸ) ಕನಸಿನಲ್ಲಿ ಕಂಡು ನಗುತ್ತ ಎದ್ದಾಗ, ನಾನೂ ಅವರಲ್ಲಿರಲಿ ಎಂದು ದುಆ ಮಾಡಿಸಿಕೊಂಡವರು ಆ ಮಹಿಳೆ. ಹಿಜರಿ 28ರ ಸುಮಾರಿಗೆ ಸೈಪ್ರಸ್‌ಗೆ ಹೋದ ಹಡಗಿನಲ್ಲಿ ಅವರಿದ್ದರು. ಅಲ್ಲಿ ವಾಹನದಿಂದ ಬಿದ್ದು ಮರಣ ಹೊಂದಿದರು. ಲಾರ್ನಕಾದ ಉಪ್ಪುನೀರಿನ ಸರೋವರದ ದಡದಲ್ಲಿ ಅವರ ಸಮಾಧಿಯೆಂದು ಇಂದಿಗೂ ಜನ ಸಂದರ್ಶಿಸುವ ಸ್ಥಳವಿದೆ.

ನಮ್ಮ ಎರಡು ತಾಲೂಕುಗಳಲ್ಲಿ ಹೆಣ್ಣುಮಕ್ಕಳು ಮದ್ರಸಕ್ಕೆ ಬರುವುದಿಲ್ಲವೆಂದಲ್ಲ. ಬರುತ್ತಾರೆ, ಗಂಡುಮಕ್ಕಳಿಗಿಂತ ಚೆನ್ನಾಗಿ ಓದುತ್ತಾರೆ. ಹನ್ನೆರಡು ಹದಿಮೂರು ವಯಸ್ಸಾಗುತ್ತಲೇ ನಿಂತುಬಿಡುತ್ತಾರೆ. ದೂರ, ದಾರಿ, ಕೊಠಡಿಯಿಲ್ಲ, ಕಲಿಸಲು ಹೆಂಗಸರಿಲ್ಲ ಎಂಬ ಕಾರಣಗಳನ್ನು ಜಮಾಅತ್‌ಗಳ ಸಭೆಯಲ್ಲಿ ಎಷ್ಟೋ ವರ್ಷಗಳಿಂದ ಕೇಳುತ್ತಿದ್ದೇವೆ. ಪ್ರವಾಸದ ಮರುತಿಂಗಳು ನಮ್ಮ ಒಂದು ಮಸೀದಿಯ ಸಭೆಯಲ್ಲಿ, ಮೇಲ್ಮಹಡಿಯಲ್ಲಿ ಹಳೆಯ ಚಾಪೆ, ಜನಾಝದ ಮಂಚ, ಮೈಕಿನ ಪೆಟ್ಟಿಗೆಗಳನ್ನು ತುಂಬಿಟ್ಟಿದ್ದ ಕೊಠಡಿಯನ್ನು ತೆರವು ಮಾಡುವ ಮಾತು ಬಂತು. ಒಬ್ಬ ಹಿರಿಯರು, ಸಾಮಾನು ಎಲ್ಲಿಡುವುದು ಎಂದು ಕೇಳಿದರು. ಇನ್ನೊಬ್ಬರು ತಮ್ಮ ಅಡಿಕೆ ಗೋದಾಮಿನ ಒಂದು ಮೂಲೆಯನ್ನು ಕೊಟ್ಟರು. ಕರಾವಳಿಯಲ್ಲಿ ಹಿಫ್ಝ್ ಮುಗಿಸಿ ನಮ್ಮ ಊರಿಗೆ ಸೊಸೆಯಾಗಿ ಬಂದ ಇಬ್ಬರು ಹೆಣ್ಣುಮಕ್ಕಳು, ಮನೆಯವರ ಒಪ್ಪಿಗೆಯಿಂದ, ಝುಹರ್ ಮತ್ತು ಅಸರ್‌ಗಳ ನಡುವೆ ಅಲ್ಲಿ ಪಾಠ ಹೇಳುತ್ತಾರೆ. ಹನಫಿ ಅಸರ್ ತಡವಾಗಿರುವುದರಿಂದ ಅವರಿಗೆ ಕರಾವಳಿಯಲ್ಲಿ ಸಿಗುವುದಕ್ಕಿಂತ ಮುಕ್ಕಾಲು ಗಂಟೆ ಹೆಚ್ಚೇ ಸಿಗುತ್ತದೆ. ಈಗ ಒಂಬತ್ತು ಮಂದಿ ಬರುತ್ತಿದ್ದಾರೆ.